ಹಗ್ಗದ ಈ ತುದಿ

ನೀಲಿ ಡ್ರಮ್ಮು, ಲಗೇಜ್ ಆಟೋದ ಬೆನ್ನಿಗೆ ಕಟ್ಟಿಸಿಕೊಂಡು ಕುಣಿಯುತ್ತಿದ್ದ ಬರಿದಾದ ನೀಲಿ ಡ್ರಮ್ಮು, ಬಸ್ಸಿನ ಕಿಟಕಿಯ ಪಕ್ಕಕ್ಕೇ ಬಂದು ಬಿಸಿಲಿಗೆ ಒಮ್ಮೆ ಫಳಕ್ಕೆಂದು ಹಿಂದೆ ಸರಿದುಹೋಯಿತು, ಸದ್ಯ ಇವನು ನೋಡಲಿಲ್ಲ ಎಂದು ಕೋಮಲ ಉಸಿರು ಬಿಟ್ಟಳು, ನೋಡುವುದೆಲ್ಲಿ, ಅವಳ ಗಂಡ ಅವಳ ಭುಜದ ಮೇಲೆ ತಲೆಯಿಟ್ಟು ನಿದ್ದೆಹೋಗಿದ್ದಾನೆ, ಅರಸೀಕೆರೆಯಲ್ಲಿ ರೈಲಿಳಿದು ಈ ಬಸ್ಸಿನ ಸೀಟಿಗೆ ಕೂತಿದ್ದೇ ತಡ, ಕಾಲಡಿಗೆ ಟ್ರಂಕು ತಳ್ಳಿ, ಒಂಚೂರು ಕಣ್ಮುಚ್ತೀನಿ ಕಣೇ ಅಂದವನು ಬಾಣಾವರ ದಾಟಿದರೂ ಎದ್ದಿಲ್ಲ, ವರ್ಷವಾಗಿತ್ತು ಈ ತಲೆಯ ಭಾರ ಹೊತ್ತು — ಕೂದಲಲ್ಲಿ ಯಾವುದೋ ಬೇರೆ ಸೋಪಿನ ವಾಸನೆ, ಅದರಡಿಗೆ ಅದೇ ಹಳೆಯದು, ಕೊಟ್ಟಿಗೆಯದ್ದು, ದನದ ಮದ್ದಿನದ್ದು, ಲೆಬನಾನಿನಲ್ಲೂ ಇವನಿಗೆ ಅದೇ ಕೆಲಸ, ಮಿಲಿಟರಿ ದನದ ಡಾಕ್ಟರ ಕೈಕೆಳಗೆ ಹವಾಲ್ದಾರ, ಹಾಗೆಂದರೆ ಊರಿನವರ ಮುಖ ಸಣ್ಣದಾಗುತ್ತದೆ, ಯುದ್ಧಕ್ಕೆ ಹೋಗಿದ್ದಾನೆ ಅಂದರೇ ಅವರಿಗೆ ಇಷ್ಟ, ಯುದ್ಧ ಮಾಡೋಕಲ್ಲ ಅಜ್ಜಿ, ಎರಡು ದೇಶದ ನಡುವೆ ವಿಶ್ವಸಂಸ್ಥೆಯ ನೀಲಿ ಟೋಪಿ ಹಾಕ್ಕೊಂಡು ನಿಂತ್ಕೊಳ್ಳೋಕೆ ಎಂದು ಹೊರಡುವ ಮುಂಚೆ ಕಣಕಟ್ಟೆಯಲ್ಲಿ ಅವಳ ಅಜ್ಜಿಯ ಕಾಲಿಗೆ ಬಿದ್ದು ತಿಮ್ಮೇಶ ಹೇಳಿದ್ದ, ನೀವು ನಿಂತ್ಕೊಂಡ್ರೆ ಅವ್ರು ನಿಲ್ಲಿಸ್ತಾರಾ ಮಗ, ಇಲ್ಲ ಅಜ್ಜಿ, ಆದ್ರೂ ನಿಂತಿರ್ತೀವಿ, ಅಜ್ಜಿ ಎಲೆಯಡಿಕೆ ಜಗಿಯುತ್ತ ಅವನನ್ನೇ ನೋಡಿದ್ದಳು, ಹಂಗಾರೆ ಗಟ್ಟಿ ಕೆಲ್ಸಾನೇ ಬುಡು.

ಸೊಂಟದಲ್ಲಿ ಫೋನು ಗುರ್ರೆನ್ನುತ್ತದೆ, ಮೈದುನ ಮನು, ಅತ್ತಿಗೆ ಎಲ್ಲಿದೀರಾ, ಹಳೇಬೀಡು ಬಸ್‌ಸ್ಟ್ಯಾಂಡಲ್ಲೇ ಸ್ಟೇಜ್ ಹಾಕ್ಸಿದೀವಿ, ಅಣ್ಣ ಇಳಿದ ತಕ್ಷಣ ಹಾರ, ಮೈಕಲ್ಲಿ ಎರಡೇ ಮಾತು, ನಾವು ಯಾರ ಕಡೆ ಅಂತ ಗಟ್ಟಿಯಾಗಿ ಒಂದ್ಸಲ ಅಂದ್ಬಿಟ್ರೆ ಮುಗೀತು, ದೇಶಕ್ಕೋಸ್ಕರ ಕಣತ್ತಿಗೆ — ಯಾವ ದೇಶಕ್ಕೆ ಮನು ಎಂದು ಕೇಳಬೇಕೆನ್ನಿಸಿತು, ಅವನು ಇಟ್ಟ ಮೇಲೆ ತಿಮ್ಮೇಶನ ಸೋದರಮಾವ ಉದಯಕುಮಾರ್, ರಿಟೈರಾದ ಮೇಷ್ಟ್ರು, ಹೆಗಲ ಕೆಂಪು ಶಾಲು ಫೋನಿನಲ್ಲೂ ಕಾಣಿಸುವ ಹಾಗೆ ಮಾತಾಡುತ್ತಾರೆ, ಆ ಹುಡುಗ್ರ ಸ್ಟೇಜ್ ಹತ್ತೋಕೆ ಬಿಡಬೇಡ ಕಣಮ್ಮ, ನಮ್ಮ ಸಭೆ ಎದುರುಗಡೇನೇ ಐತೆ, ದೊಡ್ಡ ದೊಡ್ಡ ದೇಶದೋರು ಸೇರ್ಕೊಂಡು ಆ ಬಡವರಿಗೆ ಏನ್ ಮಾಡಿದ್ರು ಅಂತ ಕಣ್ಣಾರೆ ಕಂಡೋನು ಹೇಳಬೇಕು, ಅದು ಚರಿತ್ರೆ — ಅವರ ಹಿಂದೆ ಅಮೆರಿಕಾ, ಇವರ ಹಿಂದೆ ಇರಾನು, ಇವರೆಲ್ಲರ ಹಿಂದೆ ನಮ್ಮ ಬಸ್ತಿಹಳ್ಳಿಯವರು ಎಂದು ತಿಮ್ಮೇಶನ ಅಪ್ಪ ಜವರಣ್ಣ ಜಗಲಿಯಲ್ಲಿ ಕೂತು ನಗುತ್ತಾರೆ, ನಗುವ ಮಾತೇ, ಆದರೆ ಹಾಲಿನ ಡೈರಿಯಲ್ಲಿ ಕ್ಯಾನು ಇಡುವ ಸಾಲು ಎರಡಾಗಿರುವುದು ನಿಜ, ಫ್ಲೆಕ್ಸು ಕೂಡ ಎರಡು, ಎರಡರಲ್ಲೂ ಒಂದೇ ಫೋಟೋ, ಅವರ ಮದುವೆಯದ್ದು, ಕೋಮಲಳನ್ನು ಕತ್ತರಿಸಿ ತೆಗೆದು ಮನು ಹಿಂದೆ ಟ್ಯಾಂಕು ಇಟ್ಟಿದ್ದಾನೆ, ಮೇಷ್ಟ್ರು ಪಾರಿವಾಳ ಬಿಟ್ಟಿದ್ದಾರೆ, ಕತ್ತರಿಸಿದವರು ಇಬ್ಬರೂ ಒಂದೇ ತಪ್ಪು ಮಾಡಿದ್ದಾರೆ, ತಿಮ್ಮೇಶನ ಭುಜದ ಮೇಲೆ ಮದರಂಗಿ ಹಚ್ಚಿದ ಅವಳ ಬೆರಳುಗಳು ಹಾಗೇ ಉಳಿದುಬಿಟ್ಟಿವೆ.

ಆ ಬೆರಳುಗಳಿಂದಲೇ ಬೆಳಿಗ್ಗೆ ಪ್ಲಾಟ್‌ಫಾರಂ ಬೆಂಚಿನ ಮೇಲೆ ಬುತ್ತಿ ಬಿಚ್ಚಿ ಕೊಟ್ಟಳು, ಮೊಸರನ್ನ, ನಿಂಬೆ ಉಪ್ಪಿನಕಾಯಿ, ಅವನು ಎರಡು ತುತ್ತು ತಿಂದು ಕೈ ಹಾಗೇ ಇಟ್ಟುಕೊಂಡು, ಅಲ್ಲೊಂದು ಮುದುಕಿ ಇತ್ತು ಕಣೇ, ಅಂದ, ನಿಮ್ಮಜ್ಜಿ ಥರಾನೇ ಗದರೋದು, ಗಡಿ ಅಂದ್ರೆ ಅಲ್ಲಿ ಗೋಡೆ ಎಲ್ಲಾ ಕಡೆ ಇಲ್ಲ, ಕೆಲವು ಕಡೆ ನೀಲಿ ಡ್ರಮ್ಮು ಇಟ್ಟಿದಾರೆ ಅಷ್ಟೆ, ನಮ್ಮ ಬಚ್ಚಲಲ್ಲಿ ಐತಲ್ಲ ಹಂಗೇದು, ಮುದುಕಿಯ ಹುಲ್ಲುಗಾವಲು ಡ್ರಮ್ಮಿನ ಆಚೆಗೆ ಹೋಗಿಬಿಟ್ಟಿತ್ತು, ಮುದುಕಿ ಈಚೆ ಉಳಿದಿತ್ತು, ದಾಟಿದರೆ ಗುಂಡು, ಅದಕ್ಕೆ ಅವಳು ಏನು ಮಾಡುತ್ತಿದ್ದಳು ಗೊತ್ತಾ, ಹಗ್ಗಕ್ಕೆ ಹಗ್ಗ ಗಂಟು ಹಾಕಿ, ಅದು ಸಾಲದೆ ಹಳೇ ಬಟ್ಟೆ ಹೊಸೆದು ಸೇರಿಸಿ, ಆಡಿನ ಕೊರಳಿಗೆ ಕಟ್ಟಿ ಆಚೆಗೆ ಅಟ್ಟುತ್ತಿದ್ದಳು, ಆಡು ಆ ದೇಶದಲ್ಲಿ ಮೇಯುವುದು, ಮುದುಕಿ ಈ ದೇಶದಲ್ಲಿ ಹಗ್ಗ ಹಿಡಿದು ಕೂರುವುದು, ಸಂಜೆ ಎಳೆದುಕೊಂಡರೆ ಬರುವುದು — ಒಂದು ಕಿವಿ ಬಿಳೀದು ಆಡಿಂದು, ಕಾಲಿಗೆ ಗಾಯವಾದಾಗ ನಾನೇ ಔಷಧಿ ಕಟ್ಟಿದೆ, ಮುದುಕಿ ನನಗೊಂದು ರೊಟ್ಟಿ ಕೊಟ್ಟು ತಿನ್ನೋಗಂಟ ಎದುರಿಗೇ ನಿಂತಿತ್ತು — ಆಮೇಲೆ, ಅಂದಳು ಕೋಮಲ, ಅಜ್ಜಿಯ ಕಥೆ ಕೇಳಿ ಬೆಳೆದವಳು, ಆಮೇಲೆ ಅನ್ನದೆ ಇರಲಾರಳು, ಅನ್ನಬಾರದಿತ್ತು, ಆಮೇಲೆ ಒಂದಿನ ರಾತ್ರಿಯೆಲ್ಲಾ ಶೆಲ್ಲು ಬಿತ್ತು, ಬೆಳಿಗ್ಗೆ ಹೋದರೆ ಆಡು ಆಚೆ ಮೇಯುತ್ತಿದೆ, ಹಗ್ಗದ ಈ ತುದಿ ಹುಲ್ಲಿನ ಮೇಲೆ ಬಿದ್ದಿದೆ, ಅಷ್ಟು ಹೇಳಿ ಅನ್ನ ಕಲಸಿದ ಕೈಯನ್ನೇ ನೋಡುತ್ತ, ನಾನು ಹಿಡ್ಕೊಂಡು ಎಳೆದೆ ಕಣೇ, ನನ್ನ ಕೈಗೆ ಅದು ಬರಲಿಲ್ಲ, ಅಂದ, ಸ್ಟೇಜಿನ ಸುದ್ದಿ ಅವನಿಗೂ ಗೊತ್ತಿತ್ತು, ನಾನೇನ್ ಹೇಳ್ಲಿ ಕೋಮಲಾ, ಇದನ್ನ ಹೇಳಿದ್ರೆ ಮೊದಲು ಕೇಳೋದೇ ಆಡು ಯಾರ ಕಡೇದು ಅಂತ, ಇಳಿದ ಮೇಲೆ ನನಗೆ ಇಲ್ಲ ಅನ್ನೋಕೂ ಬರಲ್ಲ, ಮನು ಮುಖ ನೋಡಿದ್ರೆ ಏನೋ ಒಂದು ಅಂದ್ಬಿಡ್ತೀನಿ, ಅಂದ್ಮೇಲೆ ಆ ಮುದುಕಿ ಅವರದಾಗೋಯ್ತದೆ.

ಜಾವಗಲ್ ಹಿಂದಾಯಿತು, ರಾಗಿ ಹೊಲ, ತೆಂಗಿನ ತೋಟ, ಮತ್ತೆ ರಾಗಿ ಹೊಲ, ಅವನ ಕೈ ನಿದ್ದೆಯಲ್ಲೇ ಏನನ್ನೋ ತಡಕುತ್ತದೆ, ಅವಳ ಸೆರಗಿನ ಅಂಚು ಸಿಕ್ಕಿತು, ಮುಷ್ಟಿಗೆ ಒಂದು ಸುತ್ತು ಸುತ್ತಿಕೊಂಡ, ಮಲಗಿದೋರ ಜೀವ ಜೇನ್ನೊಣ ಆಗಿ ಹಾರೋಯ್ತದೆ ಕಣವ್ವ, ಊರೂರು ಸುತ್ಕೊಂಡು ಬತ್ತದೆ, ಅದು ಬರೋಗಂಟ ಎಬ್ಬಿಸಬಾರದು, ಎಬ್ಬಿಸಿದ್ರೆ ಬರೀ ಮೈ ಏಳ್ತದೆ, ಅಜ್ಜಿ ಹೇಳುತ್ತಿದ್ದುದು, ಇವನ ಜೇನ್ನೊಣ ಈಗ ಎಲ್ಲಿದೆಯೋ, ಸಮುದ್ರ ದಾಟಿ ಬರಬೇಕು ಪಾಪ, ಹಳೇಬೀಡು ಇನ್ನು ಒಂದು ತಿರುವು, ಅದೇ ಅಜ್ಜಿ ಅದೇ ಊರಿನ ಗುಡಿ ತೋರಿಸಿದ್ದಳು, ಗೋಡೆಯ ಮೇಲಿನ ಹೆಣ್ಣುಗಳಿಗೆ ಕೈಯಿಲ್ಲ, ಯಾರು ಮುರಿದ್ರಜ್ಜಿ, ದಂಡು ಬಂದಿತ್ತು, ಯಾರ ದಂಡು, ತುಳಿಸ್ಕೊಂಡ ಹುಲ್ಲಿಗೆ ಯಾರ ದಂಡು ಅಂತ ಗೊತ್ತಾಯ್ತದಾ ಕೂಸೇ — ಎಬ್ಬಿಸಬೇಕು, ಎಬ್ಬಿಸದಿದ್ದರೆ ಮನು ತಲೆ ತಗ್ಗಿಸುತ್ತಾನೆ, ಯೋಧ ಹೆದರಿದ ಎಂದು ಟೀ ಅಂಗಡಿಯಲ್ಲಿ ನಗುತ್ತಾರೆ, ಅತ್ತೆ ಗಿರಿಯಮ್ಮ ಬೆಳಿಗ್ಗೆಯಿಂದ ಆರತಿ ತಟ್ಟೆ ಹಿಡಿದು ಬಿಸಿಲಲ್ಲಿ ನಿಂತಿದ್ದಾಳೆ, ಹೆತ್ತವಳಿಗೂ ತೋರಿಸ್ದೆ ಹೊತ್ಕೊಂಡೋದ್ಲು ಅಂದರೆ ತಾನೇನು ಹೇಳುವುದು, ಎಬ್ಬಿಸಬೇಕು, ಕಂಡಕ್ಟರ್ ಕೂಗುತ್ತಿದ್ದಾನೆ, ಹಳೇಬೀಡು ಇಳಿಯೋರು ಬನ್ನಿ, ಯಜಮಾನ್ರನ್ನ ಎಬ್ಬಿಸಮ್ಮ, ಅವಳ ಬಾಯಿಂದ ಬಂದಿದ್ದು ಬೇರೆ, ಬೇಲೂರಿಗೆ ಹಾಕಿ ಅಣ್ಣ, ಇವರಿಗೆ ಇನ್ನೊಂದು ಟಿಕೆಟ್ಟು, ಅಲ್ಲಮ್ಮಾ ನೀವೇ ಹಳೇಬೀಡು ಅಂದಿದ್ದು, ಹೌದು ಅಂದಿದ್ದೆ.

ಬಸ್ಸು ನಿಂತಿತು, ಡೊಳ್ಳು ಆ ಕಡೆ, ಮೈಕು ಈ ಕಡೆ, ಫ್ಲೆಕ್ಸಿನ ಇಬ್ಬರು ತಿಮ್ಮೇಶರು ಎದುರುಬದುರು ತೂಗಾಡುತ್ತಿದ್ದಾರೆ, ಹುಡುಗರು ಬಾಗಿಲ ಹತ್ತಿರ ನುಗ್ಗುತ್ತಿದ್ದಾರೆ, ಕಿಟಕಿಯ ಕೆಳಗೇ ಗಿರಿಯಮ್ಮ, ತಟ್ಟೆಯಲ್ಲಿ ದೀಪ, ತಲೆಯೆತ್ತಿದಳು, ನೋಡಿದಳು, ಸೊಸೆಯ ಭುಜದ ಮೇಲೆ ಬಾಯಿ ತೆರೆದು ಮಲಗಿರುವ ಮಗನನ್ನು, ತೊಟ್ಟಿಲಲ್ಲಿ ನೋಡುತ್ತಿದ್ದ ಹಾಗೆ ನೋಡಿದಳು, ಕೋಮಲ ತುಟಿಯ ಮೇಲೆ ಬೆರಳಿಟ್ಟಳು, ಗಿರಿಯಮ್ಮ ಅಲ್ಲಿಂದಲೇ ತಟ್ಟೆಯನ್ನು ಕಿಟಕಿಗೆ ಸಣ್ಣಗೆ ಒಂದು ಸುತ್ತು ಸುತ್ತಿ, ದೀಪವನ್ನು ಅಂಗೈ ಬೀಸಿ ಆರಿಸಿ, ತಿರುಗಿ, ಮೆಟ್ಟಿಲು ಹತ್ತುತ್ತಿದ್ದ ಮನುವಿನ ಅಂಗಿ ಹಿಡಿದಳು, ಇಳಿಯೋ ಮಗ, ಇದ್ರಲ್ಲಿಲ್ಲ, ಹಿಂದಿನ ಬಸ್ಸಲ್ಲಿ ಬತ್ತಾರಂತೆ, ನೋಡಿದ್ಯಾ ಸರಿಯಾಗಿ, ನನ್ನ ಮಗನ್ನ ನಾನು ಕಾಣೆನೇನ್ಲಾ — ಕಂಡಕ್ಟರ್ ಸೀಟಿ ಊದಿದ, ಡೊಳ್ಳು ಹಿಂದಾಯಿತು, ಮೈಕೂ ಹಿಂದಾಯಿತು, ಕೆರೆಯ ಗಾಳಿ ಒಳಗೆ ಬಂತು, ಅವನು ಕಣ್ಣು ತೆರೆಯದೆಯೇ ಕೇಳಿದ, ಬಂತಾ, ಊರು ಕೇಳಿದನೋ ಆಡು ಕೇಳಿದನೋ, ಇನ್ನೂ ಇಲ್ಲ, ಮಲಗು, ಸೆರಗು ಜಗ್ಗಿತು, ಅವಳು ಬಿಡಿಸಿಕೊಳ್ಳಲಿಲ್ಲ, ಜಗ್ಗಿದಷ್ಟೂ ಅವನ ಕಡೆಗೆ ಸರಿದಳು, ಬೇಲೂರು ಬರಲಿ, ಜೇನ್ನೊಣ ಬರಲಿ, ಸಂಜೆ ಮನೆಗೆ ಹೋದರಾಯಿತು, ಆದರೆ ಅವಳು ಕಣ್ಣು ಮುಚ್ಚಿದರೆ ಅಲ್ಲಿ ಇನ್ನೂ ಬೆಳಗ್ಗೆಯೇ, ನೀಲಿ ಡ್ರಮ್ಮು, ಆಚೆ ಬಿಳಿ ಕಿವಿ ತಗ್ಗಿಸಿ ಮೇಯುತ್ತಿರುವ ಆಡು, ಈಚೆ ಹುಲ್ಲಿನ ಮೇಲೆ ಹಗ್ಗದ ತುದಿ, ಹಿಡಿದು ಹಿಡಿದು ನುಣುಪಾದ ತುದಿ, ಹಗ್ಗದ ಈ ತುದಿ