ಕೊನೆಯ ಅಂಕಿ

"ಓಪನ್ನಾ, ಕ್ಲೋಸ್ಡಾ? ಬಾಯಲ್ಲಿ ಕಡುಬು ಇಟ್ಕೊಂಡಿದ್ದೀಯೇನೇ? ಹಿಂದೆ ಇಪ್ಪತ್ತು ಜನ ನಿಂತಿದಾರೆ, ಬೇಗ ಬೊಗಳು!"

ಗಾಜಿನ ಕಂಡಿಯಾಚೆಯಿಂದ ಸುದೀಪ ಕೂಗಿದ. ಚಿಕ್ಕಮಗಳೂರಿನ ಆ ಆಸ್ಪತ್ರೆಯಲ್ಲಿ ಅವನ ಕೆಲಸ ಒಂದೇ: ಬಂದ ಕಾಯಿಲೆಗೊಂದು ಕೋಡ್ ಹುಡುಕಿ ಕಂಪ್ಯೂಟರಿಗೆ ಹಾಕುವುದು. ಸರ್ಕಾರಿ ಕಾರ್ಡ್ ಹಿಡಿದು ಬಂದವರಿಗೆ ಯಾವ ಚಿಕಿತ್ಸೆ ಸಿಗುತ್ತದೆ, ಯಾವುದು ಸಿಗುವುದಿಲ್ಲ ಎನ್ನುವುದೆಲ್ಲ ಆ ಕೋಡಿನ ಮೇಲೆ ನಿಂತಿತ್ತು.

ಸುಕನ್ಯಾಗೆ ಆ ಎರಡು ಇಂಗ್ಲಿಷ್ ಮಾತೂ ತಿಳಿಯಲಿಲ್ಲ. ಪಕ್ಕದಲ್ಲಿ ಅವಳ ಗಂಡ ಮಂಜಯ್ಯ ತನ್ನ ಬಲಗೈಯನ್ನು ಎಡಗೈಯಲ್ಲಿ ಹಸುಗೂಸಿನ ಹಾಗೆ ಎತ್ತಿಕೊಂಡು ನಿಂತಿದ್ದ. ಬೆಳಿಗ್ಗೆ ಜಾವಳಿ ಕಡೆಯ ತೋಟದಲ್ಲಿ ಮರಕ್ಕೆ ಹಬ್ಬಿದ ಕಾಳುಮೆಣಸು ಕೊಯ್ಯುವಾಗ ಏಣಿ ಜಾರಿ, ಸಿಲ್ವರ್ ಮರದಿಂದ ಕೆಳಗಿನ ಬಂಡೆಯ ಮೇಲೆ ಬಿದ್ದಿದ್ದ. ಭುಜಕ್ಕೂ ಮೊಣಕೈಗೂ ನಡುವೆ ಮೂಳೆ ಎರಡು ತುಂಡಾಗಿ, ಚರ್ಮ ಸೀಳಿ, ಬಿಳಿಯ ತುದಿ ಹೊರಗೆ ಇಣುಕಿತ್ತು. ತೋಟದ ಲೆಕ್ಕ ಬರೆಯುವ ರೈಟರ್ ಅನಿಲ್ ಓಡಿಬಂದು ಕೈಯನ್ನು ಎಳೆದು ನೇರ ಮಾಡಿದಾಗ ಅದು ಬಿಲ ಹೊಕ್ಕ ಇಲಿಯ ಹಾಗೆ ಒಳಗೆ ಸರಿದುಹೋಯಿತು. ರಕ್ತ ನಿಲ್ಲಲೆಂದು ಸುಕನ್ಯಾ ಕೂಲಿಯವರ ಸಾಲಿನ ತಮ್ಮ ಲೈನ್ ಮನೆಯ ಡಬ್ಬಿಯಲ್ಲಿದ್ದ ಕಾಫಿಪುಡಿಯನ್ನೆಲ್ಲ ಆ ತೂತಿಗೆ ಮೆತ್ತಿ, ಹಳೇ ಸೀರೆ ಹರಿದು ಬಿಗಿದಿದ್ದಳು. ಕತ್ತಿ ತಾಗಿದರೂ, ಜಿಗಣೆ ಕಚ್ಚಿದರೂ ಅವರಲ್ಲಿ ಅದೇ ಔಷಧ.

"ಕನ್ನಡದಲ್ಲಿ ಕೇಳ್ಲಾ ತಾಯೀ? ತೆರೆದಿದೆಯೋ, ಮುಚ್ಚಿದೆಯೋ?"

ಸುಕನ್ಯಾಳ ಮುಖ ಅರಳಿತು. ಇದಕ್ಕಾದರೆ ಉತ್ತರ ಅವಳಲ್ಲಿತ್ತು. ಹೊತ್ತಿಗೆ ಸರಿಯಾಗಿ ತಾನು ಮಾಡಿದ ಕೆಲಸವನ್ನೇ ಅವರು ಕೇಳುತ್ತಿದ್ದರು.

"ಮುಚ್ಚಿದೀನಿ ಸಾರ್. ಬಿಗ್ಯಾಗಿ ಮುಚ್ಚಿದೀನಿ. ಒಂಚೂರೂ ತೆರ್ದಿಲ್ಲ."

"ಇಷ್ಟು ಹೇಳೋಕೆ ಅಷ್ಟೊತ್ತು!" ಸುದೀಪ ಗುಂಡಿ ಒತ್ತುತ್ತಾ ಗೊಣಗಿದ. "ಎಸ್ ನಲವತ್ತೆರಡು, ಪಾಯಿಂಟ್ ಮೂರು, ಸೊನ್ನೆ. ನೆಕ್ಸ್ಟ್!"

ಒಳಗೆ ಡ್ಯೂಟಿ ಡಾಕ್ಟರು ಎಕ್ಸ್‌ರೇ ನೋಡಿದರು, ಸುದೀಪ ಕೊಟ್ಟ ಚೀಟಿ ನೋಡಿದರು. ಬಟ್ಟೆ ಬಿಚ್ಚಿದಾಗ ಕಂಡ ಕಪ್ಪು ಹೆಕ್ಕಳೆಗೆ, "ಏನಿದು, ಸಗಣಿ ಮೆತ್ತಿದೀರಾ? ಥೂ, ನಿಮ್ಮ ಜನ!" ಎಂದರು. ಅದರ ಮೇಲೆಯೇ ಹತ್ತಿ ಸುತ್ತಿಸಿ, ಪ್ಲಾಸ್ಟರ್ ಹಾಕಿಸಿ, ಸಂಜೆಯ ಬಸ್ಸಿಗೆ ಕಳಿಸಿಬಿಟ್ಟರು.

ಆರನೆಯ ದಿನಕ್ಕೆ ಮಂಜಯ್ಯನ ಬೆರಳುಗಳು ಹಲಸಿನ ತೊಳೆಯ ಹಾಗೆ ಊದಿಕೊಂಡವು. ಮೈ ಕಾದ ಕಾವಲಿ. ಪ್ಲಾಸ್ಟರಿನ ಸಂದಿಯಿಂದ ಬರುತ್ತಿದ್ದ ವಾಸನೆಗೆ ಪಕ್ಕದ ಮನೆಯವರು ಬಾಗಿಲು ಹಾಕಿಕೊಂಡರು. ಸುಕನ್ಯಾ ಅವನನ್ನು ನಡೆಸಿಕೊಂಡು ಮತ್ತೆ ಅದೇ ಕಂಡಿಯ ಮುಂದೆ ಬಂದು ನಿಂತಳು.

"ಒಳಗೆ ಕೊಳೀತಾ ಅದೆ ಸಾರ್. ಆಪ್ರೇಷನ್ ಮಾಡ್ಸಿ."

ಸುದೀಪ ಕಂಪ್ಯೂಟರ್ ನೋಡಿದ. "ಈ ಕೋಡಿಗೆ ಪ್ಲಾಸ್ಟರ್ ಅಷ್ಟೇ. ಹಾಕಿ ಆಗಿದೆ. ಮೂಳೆ ಆಚೆ ಬಂದಿದ್ರೆ ಕೊನೇ ಅಂಕಿ ಒಂದು ಅಂತ ಇರ್ತಿತ್ತು. ಬೆಡ್ಡು, ತೊಳೆಯೋದು, ಆಪರೇಷನ್ನು ಎಲ್ಲಾ ಬರ್ತಿತ್ತು. ಇದು ಸೊನ್ನೆ."

"ಬಂದಿತ್ತು ಸಾರ್ ಆಚೆ!"

"ನೀನೇ ತಾನೇ ಮುಚ್ಚಿದೆ ಅಂದಿದ್ದು?"

"ನಾನು ಬಟ್ಟೇಲಿ ಮುಚ್ಚಿದ್ದು ಹೇಳ್ದೆ ಸಾರ್! ಕಾಫಿಪುಡಿ ಹಾಕಿ ಮುಚ್ಚಿದ್ದು!"

ಸುದೀಪ ಮೊದಲು ಅವಳನ್ನೇ ನೋಡಿದ. ಆಮೇಲೆ ಹಿಂದೆ ತಿರುಗಿ, "ಕೇಳಿದ್ರೇನ್ರೋ? ಫಿಲ್ಟರ್ ಕಾಫಿಯಂತೆ!" ಎಂದ. ಒಳಗಿದ್ದವರೆಲ್ಲ ಕುರ್ಚಿ ಅಲುಗುವ ಹಾಗೆ ನಕ್ಕರು. ನಗು ಮುಗಿದ ಮೇಲೆ ಹೇಳಿದ: "ಬದಲಾಯಿಸ್ಬೇಕಂದ್ರೆ, ಮೂಳೆ ಆಚೆ ಬಂದಿದ್ದು ನೋಡ್ದೋರು ಬರೆದು ಕೊಡ್ಬೇಕು. ಎಸ್ಟೇಟ್ ಸೀಲ್ ಇರ್ಲಿ. ಬರೀ ಬಾಯಿಮಾತು ನಡಿಯಲ್ಲ."

ಸುಕನ್ಯಾಳ ಅಜ್ಜಿ ಒಂದು ಕಥೆ ಹೇಳುತ್ತಿದ್ದಳು. ರಾಕ್ಷಸನ ಜೀವ ಅವನ ಮೈಯಲ್ಲಿರಲಿಲ್ಲವಂತೆ, ಏಳು ಕಡಲಾಚೆ ಒಂದು ಗಿಳಿಯ ಕೊರಳಲ್ಲಿತ್ತಂತೆ. ರಾಕ್ಷಸನಿಗೇನೋ ಸರಿ. ಮೆಣಸು ಕೊಯ್ಯುವ ಮಂಜಯ್ಯನ ಕೈಯನ್ನೂ ಯಾರೋ ತೆಗೆದುಕೊಂಡುಹೋಗಿ ಒಂದು ಸೊನ್ನೆಯೊಳಗೆ ಇಟ್ಟಿದ್ದರು. ಗಿಳಿಯಾಗಿದ್ದರೆ ಕಾಳು ತೋರಿಸಿ ಕರೆಯಬಹುದಿತ್ತು.

ವಾಪಸ್ಸು ಬರುವ ಬಸ್ಸಿನಲ್ಲಿ ಮಂಜಯ್ಯ ಒಂದೇ ಮಾತಾಡಿದ. "ಇದ್ನ ಕಡ್ದುಬಿಡೆ ಅತ್ಲಾಗೆ. ಭಾರ."

ಮರುದಿನ ಬೆಳಿಗ್ಗೆ ಬಂಗಲೆಯ ಜಗಲಿಯಲ್ಲಿ ತೋಟದ ಧಣಿ ಯಶವಂತ ಅಕ್ಕಿರೊಟ್ಟಿ ಮುರಿಯುತ್ತಿದ್ದ. ರೈಟರ್ ಅನಿಲ್ ಕಂಬಕ್ಕೊರಗಿ ನಿಂತಿದ್ದ. ಸುಕನ್ಯಾ ಅಂಗಳದಲ್ಲಿ, ನಾಯಿಯಿಂದ ನಾಲ್ಕು ಮಾರು ಆಚೆ ನಿಂತಳು.

"ಅಯ್ಯಾ, ಮೂಳೆ ಆಚೆ ಬಂದಿದ್ದು ಬರ್ದುಕೊಡ್ಬೇಕಂತೆ. ಸೀಲ್ ಹಾಕಿ."

"ಎಲ್ಲಿ ಬಿದ್ದ ಅಂತ ಬರೀಲಿ?"

"ತೋಟದಲ್ಲೇ ಅಲ್ವಾ ಅಯ್ಯಾ. ಸಿಲ್ವರ್ ಮರದಿಂದ."

"ನಾನು ಸೀಲೊತ್ತಿ ಕೊಡ್ಬೇಕು, ನಾಳೆ ಲೇಬರ್ ಆಫೀಸರ್ ಜೀಪ್ ಬಂದು ಇಲ್ಲಿ ನಿಲ್ಬೇಕು. ಅಲ್ವೇನೇ ಬೋಳಿಮುಂಡೆ? ಯಾರು ಹೇಳ್ಕೊಟ್ಟಿದ್ದು ನಿಂಗೆ ಇದನ್ನ?"

"ಯಾರೂ ಇಲ್ಲ ಅಯ್ಯಾ. ಅವ್ರ ಕೈ..." ಸುಕನ್ಯಾ ಅನಿಲ್ ಕಡೆ ತಿರುಗಿದಳು. "ರೈಟರ್ರೇ, ನೀವೇ ನೋಡಿದ್ರಲ್ಲ. ನೀವೇ ಅಲ್ವಾ ಎಳ್ದಿದ್ದು?"

ಅನಿಲ್ ನಾಯಿಯನ್ನು ನೋಡುತ್ತಾ ಹೇಳಿದ, "ನಂಗೆಂತ ಗೊತ್ತು ಮಾರಾಯ್ತಿ. ನಾನು ಅವತ್ತು ಪಾರ್ಚ್‌ಮೆಂಟ್ ಕಾಫಿಬೀಜ ಒಣಗಿಸೋ ಕಣದಲ್ಲಿದ್ದೆ."

"ಬೇಕಾದ್ರೆ ಹಿಂಗೆ ಬರ್ಕೊಡ್ತೀನಿ," ಯಶವಂತ ಬೆರಳು ನೆಕ್ಕಿಕೊಂಡ. "ಕುಡ್ದು ಲೈನಲ್ಲಿ ಬಿದ್ದ ಅಂತ. ಎರಡು ಸೀಲ್ ಹಾಕ್ತೀನಿ."

ಮಂಜಯ್ಯ ಹೆಂಡ ಮುಟ್ಟಿದವನಲ್ಲ. ಗೇಟು ದಾಟಿದ ಮೇಲೆ ಸುಕನ್ಯಾ, "ಇವನ ನಾಲಗೆಗೆ ಹುಳ ಬೀಳ," ಎಂದಳು. ಕೇಳಿಸಿಕೊಳ್ಳಲು ಕಾಫಿಗಿಡ ಬಿಟ್ಟರೆ ಯಾರೂ ಇರಲಿಲ್ಲ.

ಆ ದಿನ ಮಧ್ಯಾಹ್ನವೇ ಅವಳು ಗಂಡನನ್ನು ಮತ್ತೆ ಕರೆತಂದಳು. ಅವನಿಗೆ ನಿಲ್ಲಲಾಗಲಿಲ್ಲ. ಕಂಡಿಯ ಕೆಳಗೆ ನೆಲದ ಮೇಲೆ ಕೂರಿಸಿದಳು.

"ಲೆಟರ್ ತಂದ್ಯಾ?" ಸುದೀಪ ಕಂಪ್ಯೂಟರಿನಲ್ಲಿ ಮಂಜಯ್ಯನ ಪುಟ ತೆರೆದು ಕೇಳಿದ.

"ಕೊಡ್ಲಿಲ್ಲ ಸಾರ್."

"ಹಂಗಾದ್ರೆ ನಾನೇನು ಮಾಡ್ಲಿ? ಮೂಳೆ ಡಾಕ್ಟ್ರು ಶುಕ್ರವಾರ ಬರ್ತಾರೆ. ಅವ್ರನ್ನ ಕೇಳು."

"ಶುಕ್ರವಾರಕ್ಕೆ ಇನ್ನೂ ಮೂರು ದಿನ ಅದೆ ಸಾರ್."

"ಕ್ಯಾಲೆಂಡರ್ ನಂಗೂ ಗೊತ್ತು. ಜಾಗ ಬಿಡು."

ಸುಕನ್ಯಾ ಜಾಗ ಬಿಡಲಿಲ್ಲ. ಮಂಜಯ್ಯನ ಮುಂದೆ ಕುಕ್ಕರುಗಾಲಲ್ಲಿ ಕೂತು ಪ್ಲಾಸ್ಟರಿಗೆ ಕೈಹಾಕಿದಳು. ಕೀವು ಕುಡಿದು ಮೆತ್ತಗಾಗಿದ್ದ ಅದು ಹಸಿ ರಟ್ಟಿನ ಹಾಗೆ ಹರಿದು ಬಂತು. ಉಗುರಿಗೆ ಬಗ್ಗದ ಬಟ್ಟೆಯನ್ನು ಹಲ್ಲಿನಲ್ಲಿ ಕಚ್ಚಿ ಸೀಳಿದಳು. ಮಂಜಯ್ಯ ತಲೆಯನ್ನು ಗೋಡೆಗೆ ಒಂದೇ ಸಮನೆ ಬಡಿದುಕೊಳ್ಳುತ್ತಿದ್ದ. ಹತ್ತಿಯೊಡನೆ ಕಪ್ಪು ಹೆಕ್ಕಳೆ ಕಿತ್ತು ಬಂತು, ಅದರ ಹಿಂದೆ ಒಳಗಿದ್ದದ್ದೆಲ್ಲ ಬಂತು. ಸಾಲಿನಲ್ಲಿದ್ದವರು ಮೂಗು ಮುಚ್ಚಿಕೊಂಡು ಚದುರಿದರು.

"ನೋಡ್ರೋ! ನಿಮ್ ಕಣ್ಣಿದಾವಲ್ಲ, ನೋಡಿ! ನೀವೇ ನೋಡ್ದೋರು, ನೀವೇ ಬರೀರಿ!"

ಸುದೀಪ ಕರವಸ್ತ್ರ ಬಾಯಿಗೊತ್ತಿ, "ಸೆಕ್ಯೂರಿಟೀ!" ಎಂದು ಕೂಗುತ್ತಾ ಪಕ್ಕದ ಬಾಗಿಲಿಂದ ಓಡಿದ. ಉಳಿದವರೂ ಅವನ ಹಿಂದೆ ಹೋದರು. ಬಾಗಿಲು ತೆರೆದೇ ಇತ್ತು.

ಸುಕನ್ಯಾ ಒಳಗೆ ಹೋದಳು. ಇಂಗ್ಲಿಷ್ ಅಕ್ಷರ ಅವಳಿಗೆ ಒಂದೂ ಬಾರದು. ಮೊಬೈಲಿನ ದೆಸೆಯಿಂದ ಅಂಕಿಗಳಷ್ಟು ಬರುತ್ತಿದ್ದವು. ಪರದೆಯ ಮೇಲೆ ನಾಲ್ಕು, ಎರಡು, ಚುಕ್ಕೆ, ಮೂರು. ಕೊನೆಯಲ್ಲಿ ಸೊನ್ನೆ. ಕೀವು ಮೆತ್ತಿದ ಬೆರಳಿನಿಂದ ಒಂದರ ಗುಂಡಿ ಹುಡುಕಿ ಒತ್ತಿದಳು.

ಕೆಂಪು ಪಟ್ಟಿಯೊಂದು ಮೂಡಿತು. ಅದರಲ್ಲಿ ಏನೋ ಬರೆದಿತ್ತು. ಪಟ್ಟಿ ಹೋಯಿತು. ಸೊನ್ನೆ ಅಲ್ಲೇ ಇತ್ತು.

ಮತ್ತೆ ಒತ್ತಿದಳು. ಹೊರಗೆ ಬೂಟುಗಾಲಿನ ಸದ್ದು ಹತ್ತಿರವಾಯಿತು. ಅವಳು ಎಡಗೈಯಲ್ಲಿ ಮೇಜಿನ ಅಂಚನ್ನು ಬಿಗಿಯಾಗಿ ಹಿಡಿದುಕೊಂಡು, ಇನ್ನೊಮ್ಮೆ ಒಂದನ್ನು ಒತ್ತಿದಳು.