ಖುಲಾಸೆಯಾಗಿ ಮನೆಯಲ್ಲಿ ಕೂತ ಸ್ಟೋರ್‌ಕೀಪರ್

ನ್ಯಾಯಾಲಯ ಅವನನ್ನು ನಿರ್ದೋಷಿ ಎಂದು ಬಿಟ್ಟು ತಿಂಗಳುಗಳೇ ಕಳೆದಿದ್ದವು. ಆದರೂ ಬೀದಿಯಲ್ಲಿ ಯಾರಾದರೂ ಪೈಪಿನ ಮಾತೆತ್ತಿದರೆ ಸ್ಟೋರ್‌ಕೀಪರನ ಕಿವಿ ನೆಟ್ಟಗಾಗುತ್ತಿತ್ತು. ನೀರು ಸರಬರಾಜು ಇಲಾಖೆಯ ಉಗ್ರಾಣದಿಂದ ಪೈಪು ಕದ್ದು ಮಾರಿದ ಎಂಬುದು ಅವನ ಮೇಲಿದ್ದ ಕೇಸು. ಬಂದ ಮಾಲು ನೋಡದೆ, ಮೇಲಿನವರು ಹೇಳಿದರೆಂದು ಸಹಿ ಹಾಕಿದ್ದಷ್ಟೇ ಅವನು ಮಾಡಿದ್ದು. ಲೆಕ್ಕದಲ್ಲಿ ಪೈಪು ಕಡಿಮೆ ಬಿದ್ದಾಗ ಅವನೇ ಅಮಾನತಾದ. ಅಂದಿನಿಂದ ಅವನು ಯಾವ ಕಾಗದಕ್ಕೂ ಸಹಿ ಹಾಕುವವನಲ್ಲ. ಗ್ಯಾಸ್ ಸಿಲಿಂಡರ್ ತಂದವನು ಸಹಿ ಕೇಳಿದರೂ ಬಾಗಿಲ ಹಿಂದೆ ಸರಿಯುತ್ತಿದ್ದ.

ನಿವೃತ್ತಿಗೆ ಇನ್ನೊಂದೇ ವರ್ಷ. ಇಲಾಖೆಯಿಂದ ಕರೆ ಬರಲಿಲ್ಲ.

"ಆಫೀಸಿಗೆ ಒಂದು ಅರ್ಜಿ ಕೊಡಿ ಅಂದ್ರೆ ಕೇಳಲ್ವಲ್ಲ," ಹೊಲಿಗೆ ಯಂತ್ರದ ಮುಂದೆ ಕೂತ ಹೆಂಡತಿ ಅಂದಳು.

"ತೀರ್ಪು ಬಂದಿದೆ, ಅವರೇ ಕರೀತಾರೆ. ಸುಮ್ಮನಿರು, ಕೆದಕಬೇಡ ಅಂತ ಹೆಡ್ ಕ್ಲರ್ಕೇ ಹೇಳಿದಾರೆ."

"ಹೇಳಿದ್ದು ತೀರ್ಪು ಬಂದ ವಾರ. ಈಗ ನಿಮ್ಮ ಫೋನೂ ಎತ್ತಲ್ಲ."

ಆಗಲೇ ಉಚಿತ ಕಾನೂನು ನೆರವು ಕೇಂದ್ರದ ವಕೀಲೆ ತನ್ನ ಕರಿ ಕೋಟಿನ ತೋಳು ಹೊಲಿಸಿಕೊಳ್ಳಲು ಬಂದಳು. ಹೆಂಡತಿ ಎಲ್ಲವನ್ನೂ ಅವಳ ಮುಂದೆ ಹೇಳಿಬಿಟ್ಟಳು. ಫೀಸಿಲ್ಲದೆ ಅರ್ಜಿಗೆ ನೆರವಾಗುತ್ತೇನೆ ಎಂದಳು ವಕೀಲೆ. ಸ್ಟೋರ್‌ಕೀಪರ್ ಮುಖ ಗಂಟಿಕ್ಕಿದ.

"ಫೀಸಿಲ್ಲದೆ ಯಾಕಮ್ಮ ಮಾಡ್ತೀಯ? ನಿನಗೇನು ಲಾಭ?"

"ನನ್ನ ಸಂಬಳ ಕೇಂದ್ರ ಕೊಡುತ್ತೆ ಅಂಕಲ್. ಕೋರ್ಟು ನಿಮ್ಮನ್ನ ಬಿಟ್ಟಿದೆ, ಇಲಾಖೆ ಬಿಟ್ಟಿಲ್ಲ. ತೀರ್ಪಿನ ದೃಢೀಕೃತ ಪ್ರತಿ ಲಗತ್ತಿಸಿ, ಅಮಾನತು ತೆಗೆದು ಕೆಲಸಕ್ಕೆ ತಗೊಳ್ಳಿ ಅಂತ ನೀವೇ ಬರೆದು ಕೇಳಬೇಕು. ಅಮಾನತಿನ ಕಾಲವನ್ನೂ ಸೇವೆ ಅಂತ ಹಿಡೀರಿ ಅನ್ನಬೇಕು. ಅದನ್ನ ಬಿಟ್ಟರೆ ಪಿಂಚಣಿಗೇ ಪೆಟ್ಟು ಬೀಳಬಹುದು."

"ಖುಲಾಸೆ ಆದಮೇಲೂ ಇಲ್ಲ ಅಂತಾರಾ?"

"ಕೆಲವು ಸಲ ಅಂತಾರೆ. ಆರೋಪವೇ ಸುಳ್ಳು ಅಂತ ಬಿಟ್ಟರೋ, ಸಾಕ್ಷಿ ಸಾಲದು ಅಂತ ಬಿಟ್ಟರೋ ನೋಡ್ತಾರೆ. ಇಲಾಖಾ ವಿಚಾರಣೆ ಬೇರೆ ನಡೆಸಬಹುದು. ಇಲ್ಲ ಅಂದ್ರೆ ಕಾರಣ ಬರೆದುಕೊಡಿ ಅನ್ನಿ, ಮೇಲ್ಮನವಿ ಹಾಕೋಣ. ಕೇಳದೇ ಇದ್ದರೆ ಅದಕ್ಕೂ ದಾರಿಯಿಲ್ಲ."

"ಸಹಿ ಮಾತ್ರ ನಾನು ಹಾಕಲ್ಲ."

ಹೆಂಡತಿ ಯಂತ್ರ ನಿಲ್ಲಿಸಿದಳು. "ಅವತ್ತು ಬೇರೆಯವರು ಬರೆದಿದ್ದಕ್ಕೆ ಹಾಕಿದ್ರಿ. ಇದು ನೀವು ಬರೆದಿದ್ದಕ್ಕೆ ಹಾಕೋದು. ಅಷ್ಟೂ ಬೇಡ ಅಂದ್ರೆ ಈ ಯಂತ್ರಕ್ಕೆ ನೀವೇ ಬಂದು ಕೂತ್ಕೊಳ್ಳಿ, ನಾನು ಒಂದು ವರ್ಷ ಸಂಶಯ ಪಡ್ತಾ ಕೂತಿರ್ತೀನಿ."

ವಕೀಲೆ ನಗು ತಡೆದುಕೊಂಡಳು. ಅವನು ಇನ್ನೊಂದು ಅನುಮಾನ ತೆಗೆದ.

"ಆ ಅರ್ಜಿನ ಅವರು ಹರಿದು ಬಿಸಾಕಿದ್ರೆ?"

"ಒಳ್ಳೇ ಅನುಮಾನ," ಎಂದಳು ವಕೀಲೆ. "ಅದನ್ನ ಮನೇಲಿಟ್ಟುಕೊಂಡು ಏನ್ಮಾಡ್ತೀರಿ, ಆಫೀಸಿಗೇ ತಗೊಂಡು ಹೋಗಿ. ಇನ್ನೊಂದು ಪ್ರತಿ ಮೇಲೆ ಸ್ವೀಕೃತಿ ಮೊಹರು ಹಾಕಿಸ್ಕೊಳ್ಳಿ, ಅರ್ಜಿ ಕೊಟ್ಟಿದ್ದಕ್ಕೆ ಸಾಕ್ಷಿ ನಿಮ್ಮ ಕೈಲಿರುತ್ತೆ."

ಅರ್ಜಿಯನ್ನು ಅವನೇ ಬರೆದ, ಹೆಂಡತಿಗೆ ಓದಿ ಹೇಳಿ ಸಹಿ ಹಾಕಿದ. ಆಫೀಸಿಗೆ ಹೋದರೆ ಉಗ್ರಾಣದ ಬಾಗಿಲಲ್ಲಿ ಹೆಡ್ ಕ್ಲರ್ಕರ ತಂಗಿಯ ಮಗ ಬೀಗದ ಕೈ ಗೊಂಚಲು ಹಿಡಿದು ನಿಂತಿದ್ದ. ಸ್ಟೋರ್‌ಕೀಪರನ ಜಾಗದಲ್ಲಿ ಹಂಗಾಮಿ ಕೆಲಸವಂತೆ. ಕೆದಕಬೇಡ ಎಂದದ್ದು ಯಾಕೆಂದು ಆಗ ಅವನಿಗೆ ಹೊಳೆಯಿತು.

"ಇಟ್ಟು ಹೋಗಯ್ಯ, ಸಾಹೇಬರು ಬಂದಮೇಲೆ ನೋಡೋಣ," ಎಂದರು ಹೆಡ್ ಕ್ಲರ್ಕ್.

"ಮೊಹರು ಹಾಕಿಕೊಡಿ ಸಾರ್."

"ನನ್ನ ಮೇಲೂ ಅನುಮಾನವಾ?"

"ನಿಮ್ಮ ಮೇಲಿಲ್ಲ ಸಾರ್. ಈ ಮೇಜಿನ ಮೇಲೆ."

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಮೊಹರು ಬಿತ್ತು.

ಕೆಲಸಕ್ಕೆ ಮರಳುವ ಆದೇಶ ತಡವಾಗಿಯಾದರೂ ಬಂತು. ಅಮಾನತಿನ ಕಾಲದ ತೀರ್ಮಾನ ಇನ್ನೂ ಆಗಿಲ್ಲ. ಅವನು ಕೇಳುವುದನ್ನು ಬಿಟ್ಟಿಲ್ಲ. ಈಗ ನೆನಪೋಲೆಗಳನ್ನು ಹೆಂಡತಿ ಹೇಳುವ ಮೊದಲೇ ಬರೆದಿಡುತ್ತಾನೆ.

ನಿಮ್ಮ ಮನೆಯಲ್ಲೂ ಖುಲಾಸೆಯಾಗಿ ಕರೆಗೆ ಕಾಯುತ್ತಿರುವ ನೌಕರರಿದ್ದಾರೆಯೇ? ಕೇಸಿನ ಕಾರಣಕ್ಕೆ ಪಿಂಚಣಿ ತಡೆಹಿಡಿಯಲ್ಪಟ್ಟ ನಿವೃತ್ತರಿದ್ದಾರೆಯೇ? ಅವರಿಗೆ ಇದನ್ನು ಓದಿ ಹೇಳಿ. ನಿಯಮ ಇಲಾಖೆಯಿಂದ ಇಲಾಖೆಗೆ ಬೇರೆಯಿರುತ್ತದೆ, ಗಡುವುಗಳೂ ಇರುತ್ತವೆ. ಹತ್ತಿರದ ಕಾನೂನು ನೆರವು ಕೇಂದ್ರದಲ್ಲಿ ಇಂದೇ ವಿಚಾರಿಸಿ. ತೀರ್ಪು ತಾನಾಗಿ ನಡೆದು ಆಫೀಸಿಗೆ ಹೋಗುವುದಿಲ್ಲ. ನೀವೇ ಒಯ್ಯಬೇಕು.