ಕೆಂಪು ಸಿಲಿಂಡರಿನ ಬಾಡಿಗೆ

"ಪಿನ್ ಎಳೀರಿ, ಪಿನ್!"

ಅಂಜನಮೂರ್ತಿ ಬೆಂಕಿ ಆರಿಸುವ ಸಿಲಿಂಡರಿನ ಹಿಡಿಯನ್ನು ಎರಡೂ ಕೈಯಿಂದ ಹಿಸುಕುತ್ತಿದ್ದ. ಏನೂ ಹೊರಬರಲಿಲ್ಲ. ಎದುರಿಗೆ ತಗಡಿನ ಡಬ್ಬದಲ್ಲಿ ಹಳೆಯ ಸೀಟಿನ ಸ್ಪಂಜು ಉರಿಯುತ್ತಿತ್ತು. ಕಪ್ಪು ಹೊಗೆ ಅವನ ಮೂಗಿಗೇ ನುಗ್ಗುತ್ತಿತ್ತು.

"ಇಪ್ಪತ್ತೆರಡು ವರ್ಷ ಸ್ಕೂಲ್ ಬಸ್ ಓಡ್ಸಿದೀನಿ ಅಂದ್ರಿ. ಒಂದ್ಸಲನೂ ಇದನ್ನ ಮುಟ್ಟಿಲ್ವಾ?" ಎಂದಳು ಹಂಸ.

"ಇಲ್ಲ ಮೇಡಂ."

"ಆಯುಧ ಪೂಜೆಗೆ ಕುಂಕುಮ ಇಟ್ಟಿರ್ತಾನೆ ಮೇಡಂ," ಎಂದು ಸಾಲಿನಲ್ಲಿದ್ದ ಡ್ರೈವರ್ ಒಬ್ಬ ಕೂಗಿದ. ಉಳಿದವರು ನಕ್ಕರು.

ಹಂಸ ನಗಲಿಲ್ಲ. ಬಸ್ಸುಗಳ ಫಿಟ್‌ನೆಸ್ ಪರೀಕ್ಷೆ ನಡೆಯುವ, ಕೆ.ಆರ್.ಪುರದಾಚೆಯ ಈ ಮೈದಾನಕ್ಕೆ ವಾಹನ ಇನ್‌ಸ್ಪೆಕ್ಟರ್ ಆಗಿ ಬಂದು ಹದಿನೈದು ದಿನವಾಗಿತ್ತು. ಬಸ್ಸಿನಲ್ಲಿ ಸಿಲಿಂಡರ್ ಇದ್ದರೆ ಸಾಲದು, ಡ್ರೈವರಿಗೆ ಅದನ್ನು ಬಳಸಲೂ ಬರಬೇಕು ಎಂದು ಕಚೇರಿಯದೇ ಒಂದು ಸಿಲಿಂಡರ್ ಕೊಟ್ಟು ಎಲ್ಲರಿಂದಲೂ ಬೆಂಕಿ ಆರಿಸುತ್ತಿದ್ದಳು.

ಪಿನ್ ಸಿಕ್ಕಿತು, ಎಳೆದ. ಬಿಳಿ ಪುಡಿ ಭುಸ್ಸೆಂದು ಚಿಮ್ಮಿ, ಬೆಂಕಿ ಅಲ್ಲೇ ಅಡಗಿತು. ಅಂಜನಮೂರ್ತಿ ಬಾಯಿ ತೆರೆದು ನೋಡುತ್ತ ನಿಂತ.

"ಬಸ್ಸೊಳಗೆ ಹೀಗಾದ್ರೆ ನಿಮ್ಗೆ ಸಿಗೋದು ಒಂದೇ ನಿಮಿಷ. ಹಿಂದಿನ ಸೀಟಿನ ಮಕ್ಕಳು ಬಾಗಿಲಿಗೆ ಬರೋಷ್ಟ್ರಲ್ಲಿ ಹೊಗೆ ತುಂಬಿರುತ್ತೆ."

ಆಮೇಲೆ ಬಸ್ಸು ಹತ್ತಿ, ಡ್ರೈವರ್ ಸೀಟಿನ ಪಕ್ಕದ ಸಿಲಿಂಡರಿನ ಒತ್ತಡ ತೋರಿಸುವ ಮುಳ್ಳು, ತುಂಬಿಸಿದ ತಾರೀಖು ನೋಡಿ ಸಹಿ ಹಾಕಿದಳು.

ಬಸ್ಸು ಗೇಟು ದಾಟುತ್ತಲೇ ಮಾಲೀಕ ನಿತೀಶ್ ಫುಟ್‌ಬೋರ್ಡಿಗೆ ನೆಗೆದ. ಮೂವತ್ತರ ಹುಡುಗ, ಅವರಪ್ಪ ಹೊಲ ಮಾರಿ ನಾಲ್ಕು ಬಸ್ಸು ಮಾಡಿದ್ದ. "ಪಾಸ್! ಮೂರ್ತಿಯಣ್ಣ, ಪೌಡರ್ ಬಳ್ಕೊಂಡು ಮದುವೆ ಗಂಡಾಗಿದೀಯಲ್ಲೋ."

ಅವನ ಹಿಂದೆಯೇ ಜಟ್ಟೆಮ್ಮ ಸ್ಪ್ಯಾನರ್ ಹಿಡಿದು ಹತ್ತಿದಳು. ಪರೀಕ್ಷೆಗೆ ಬರುವ ಬಸ್ಸುಗಳಿಗೆ ಸಿಲಿಂಡರ್ ಬಾಡಿಗೆ ಕೊಡುವುದು ಅವಳ ವ್ಯಾಪಾರ. ಮಾಲು ಮಾತ್ರ ಅಸಲಿ. ವರ್ಷ ವರ್ಷ ತುಂಬಿಸುತ್ತಿದ್ದಳು.

"ಜರುಗು, ಬಿಚ್ಕೊತೀನಿ. ಹಿಂದೆ ಮಿನಿಬಸ್ಸು ಕಾಯ್ತಾ ಐತೆ."

ಅಂಜನಮೂರ್ತಿ ಸಿಲಿಂಡರಿನ ಮೇಲೆ ಕೈಯಿಟ್ಟ. "ಇದಿರ್ಲಿ."

"ಏನಿರ್ಲಿ? ನಿಮ್ಮಪ್ಪ ಮಾಡ್ಸಿದ್ದಾ? ದಿನಕ್ಕೆ ಹತ್ತು ಬಸ್ ಪಾಸ್ ಮಾಡ್ಸುತ್ತೆ ಇದು!"

"ಸಾರ್ ಹೊಸದು ತರ್ಲಿ. ಆಗ ನಿಂದು ವಾಪಸ್."

ನಿತೀಶ್ ನಕ್ಕ. ನಗು ಮುಗಿದರೂ ಆ ಕೈ ಅಲ್ಲೇ ಇತ್ತು. "ಅಣ್ಣ, ಒಂದಕ್ಕಿಟ್ರೆ ನಾಲ್ಕಕ್ಕೂ ಇಡ್ಬೇಕು. ಮಕ್ಕಳು ಒಂದೇ ವಾರದಲ್ಲಿ ಚಿಮ್ಸಿ ಖಾಲಿ ಮಾಡ್ತವೆ."

"ನಾನ್ ನೋಡ್ಕೋತೀನಿ."

"ಮೂರು ಗಂಟೆಗೆ ಸ್ಕೂಲ್ ಬಿಡುತ್ತೆ. ಗಾಡಿ ತೆಗಿ."

"ಇದಿದ್ರೆ ತೆಗೀತೀನಿ."

"ಬೇರೆ ಡ್ರೈವರ್ ಕರೆಸ್ಲಾ?"

ಅಂಜನಮೂರ್ತಿ ಬೀಗದ ಕೈ ಕಿತ್ತು ಡ್ಯಾಶ್‌ಬೋರ್ಡಿನ ಮೇಲಿಟ್ಟ. "ಕರೆಸಿ."

ಒಳಗೆ ಮೈದಾನದಲ್ಲಿ ಮತ್ತೊಂದು ಸ್ಪಂಜು ಹೊತ್ತಿಕೊಂಡಿತು. ಹಂಸಳ ಗದರಿಕೆ ಇಲ್ಲಿಯವರೆಗೂ ಕೇಳಿಸಿತು. ನಿತೀಶ್ ಗೇಟಿನ ಕಡೆ ನೋಡಿ, ಇಂಜಿನ್ ಬಾನೆಟ್ಟಿನ ಮೇಲೆ ಕುಳಿತು ದನಿ ತಗ್ಗಿಸಿದ.

"ಕೇಳಣ್ಣ. ಮಾರತ್ತಹಳ್ಳಿ ಕಂಪನಿಗೆ ಎಸಿ ಬಸ್ ಬಿಡ್ತಿದೀನಿ. ದೊಡ್ಡೋರು, ಸುಮ್ನೆ ನಿದ್ದೆ ಹೊಡೀತಾರೆ. ಶನಿವಾರ, ಭಾನುವಾರ ರಜ. ನಾಳೆಯಿಂದ ಅದು ನಿಂದು. ಇದನ್ನ ಅವಳಿಗೆ ಕೊಟ್ಬಿಡು."

ಜಟ್ಟೆಮ್ಮ ಸ್ಪ್ಯಾನರನ್ನು ನಟ್ಟಿಗೆ ಸಿಕ್ಕಿಸಿದಳು.

"ಬೇಡ ಸಾರ್," ಎಂದ ಅಂಜನಮೂರ್ತಿ, ಸ್ಪ್ಯಾನರನ್ನು ಹಿಡಿದು ನಿಲ್ಲಿಸಿ.